ಉಳಿದವರು ಕಂಡ ಮಲ್ಪೆ: ಚಿತ್ರಕಥೆಯನ್ನು ಪಠ್ಯವಾಗಿ ಓದುವ ಪ್ರಶ್ನೆ

ಕನ್ನಡ ವಿಭಾಗಗಳಲ್ಲಿ ಸಿನಿಮಾ ಅಧ್ಯಯನವೆಂದರೆ ಬಹುಮಟ್ಟಿಗೆ ‘ಸಂಸ್ಕಾರ’, ‘ಘಟಶ್ರಾದ್ಧ’ಗಳಂತಹ, ಸಾಹಿತ್ಯಕೃತಿಗಳನ್ನು ಆಧರಿಸಿದ ಚಿತ್ರಗಳ ಅಧ್ಯಯನವೇ ಆಗಿದೆ. ಕಾದಂಬರಿಯ ಆಸರೆಯಿಲ್ಲದೆ ಅಪರಾಧ, ಸಾಹಸ ಮೊದಲಾದ ಜನಪ್ರಿಯ ಪ್ರಕಾರಗಳಲ್ಲಿ ಬರೆಯುವ ಚಿತ್ರಕಥೆಗಾರ ವಿದ್ವಾಂಸರ ಗಮನಕ್ಕೆ ಬರುವುದು ವಿರಳ. ರಕ್ಷಿತ್ ಶೆಟ್ಟಿ ಅವರ ಬರವಣಿಗೆಯನ್ನು ಈ ಹಿನ್ನೆಲೆಯಲ್ಲಿ ಪರಿಶೀಲಿಸಬೇಕಾಗಿದೆ.

ಉಡುಪಿಯವರಾದ ರಕ್ಷಿತ್ ಓದಿದ್ದು ಎಂಜಿನಿಯರಿಂಗ್. ಅದೂ ಪಡುಬಿದ್ರಿಯಿಂದ ಬೆಳ್ಮಣ್ ಮಾರ್ಗವಾಗಿ ಕಾರ್ಕಳಕ್ಕೆ ಹೋಗುವ ದಾರಿಯಲ್ಲಿರುವ ನಿಟ್ಟೆಯಲ್ಲಿ. ಅವರು ಬರೆದು ನಿರ್ದೇಶಿಸಿದ ‘ಉಳಿದವರು ಕಂಡಂತೆ’ 2014ರಲ್ಲಿ ತೆರೆಕಂಡಿತು. ಮಲ್ಪೆಯಲ್ಲಿ ಅಷ್ಟಮಿಯ ಸಂದರ್ಭದಲ್ಲಿ ನಡೆದ ಕೊಲೆಯೊಂದನ್ನು ಪತ್ರಕರ್ತೆಯೊಬ್ಬಳು ಹಲವರ ಮಾತುಗಳ ಮೂಲಕ ಕಟ್ಟಿಕೊಳ್ಳುವುದು ಇದರ ವಸ್ತು. ವಿಮರ್ಶಕರು ಕೂಡಲೇ ಅಕಿರಾ ಕುರೊಸಾವಾ ಅವರ ‘ರಾಶೊಮನ್’ (1950) ಚಿತ್ರವನ್ನು ನೆನೆದರು. ಹೋಲಿಕೆ ಸಹಜವೇ, ಆದರೆ ಅಲ್ಲಿಗೇ ನಿಂತರೆ ಓದು ಅಪೂರ್ಣ. ಜಪಾನಿನ ಚಿತ್ರದಲ್ಲಿ ಒಂದು ಹೇಳಿಕೆ ಇನ್ನೊಂದನ್ನು ಅಲ್ಲಗಳೆಯುತ್ತದೆ. ಇಲ್ಲಿಯಾದರೋ ಒಬ್ಬರು ಕಾಣದೆ ಬಿಟ್ಟುದನ್ನು ಬಹುಪಾಲು ಮತ್ತೊಬ್ಬರು ತುಂಬಿಕೊಡುತ್ತಾರೆ. ತಾಳಮದ್ದಳೆಯ ಕೇಳುಗರಿಗೆ ಇದು ಹೊಸತಲ್ಲ: ಪ್ರಸಂಗದ ಪದ್ಯ ಸ್ಥಿರ, ಫಲಿತಾಂಶ ಮೊದಲೇ ಗೊತ್ತು, ಪ್ರತಿಯೊಬ್ಬ ಅರ್ಥಧಾರಿಯೂ ತನ್ನ ಪಾತ್ರದ ನ್ಯಾಯವನ್ನು ಮಂಡಿಸುತ್ತಾನೆ. ಇದನ್ನು ಪ್ರಭಾವವೆಂದು ಸಾಧಿಸಬೇಕಾಗಿಲ್ಲ. ಒಂದೇ ನೆಲದ ಎರಡು ಕಥನಕ್ರಮಗಳನ್ನು ಒಟ್ಟಿಗೆ ಇಟ್ಟು ನೋಡುವ ಕೆಲಸವನ್ನು ಕನ್ನಡ ಸಂಶೋಧಕರಲ್ಲದೆ ಬೇರೆ ಯಾರು ಮಾಡಬೇಕು?

ಇದಕ್ಕಿಂತ ಜಟಿಲವಾದುದು ಭಾಷೆಯ ಪ್ರಶ್ನೆ. ಈ ಚಿತ್ರದಲ್ಲಿ ಸಂಭಾಷಣೆಯನ್ನು ಚಿತ್ರೀಕರಣದ ಸ್ಥಳದಲ್ಲಿಯೇ ಧ್ವನಿಮುದ್ರಿಸಲಾಯಿತು. ಅಲ್ಲಿಯ ಕನ್ನಡ ಬೆಂಗಳೂರಿನದಲ್ಲ, ಕರಾವಳಿಯದು. ಜನಪ್ರಿಯ ಚಿತ್ರಗಳಲ್ಲಿ ಕರಾವಳಿಯ ಮಾತು ಹೆಚ್ಚಾಗಿ ನಗೆಯ ಸರಕಾಗಿಯೇ ಬಳಕೆಯಾಗಿತ್ತು. ಇಲ್ಲಿ ಅದಕ್ಕೆ ಸಾವನ್ನು, ಪ್ರೀತಿಯನ್ನು ನುಡಿಯುವ ಘನತೆ ಒದಗಿದೆ. ಸಾಧನೆಯೇನೋ ಹೌದು. ಆದರೆ ಮಲ್ಪೆಯ ಮೀನುಗಾರರ ಮನೆಮಾತು ಮುಖ್ಯವಾಗಿ ತುಳು. ಅವರು ತಮ್ಮೊಳಗೆ ಕನ್ನಡದಲ್ಲಿಯೇ ಮಾತಾಡುವ ಮಲ್ಪೆ ಚಿತ್ರಕಥೆಗಾರ ಕಟ್ಟಿದ ಮಲ್ಪೆ. ಪ್ರೇಕ್ಷಕರ ವ್ಯಾಪ್ತಿಗಾಗಿ ಮಾಡಿಕೊಂಡ ಒಪ್ಪಂದವಿದು ಎಂದು ತಳ್ಳಿಹಾಕುವುದು ಸುಲಭ. ‘ಚೋಮನ ದುಡಿ’ಯ ಚೋಮನೂ ಕನ್ನಡದಲ್ಲಿಯೇ ಮಾತಾಡಿದವನು ಎಂಬುದನ್ನು ಮರೆಯದಿದ್ದರೆ ಈ ಪ್ರಶ್ನೆ ಸಿನಿಮಾಕ್ಕೆ ಮಾತ್ರ ಸೀಮಿತವಲ್ಲವೆಂದು ತಿಳಿಯುತ್ತದೆ. ಕಾರಂತರ ಬಗ್ಗೆ ಕೇಳಬಹುದಾದುದನ್ನು ರಕ್ಷಿತ್ ಅವರ ಬಗ್ಗೆಯೂ ಕೇಳಬೇಕು. ಗಂಭೀರವಾಗಿ ಓದುವುದೆಂದರೆ ಅದೇ.

ಮುಂದಿನ ದಶಕದಲ್ಲಿ ಅವರ ನಿರ್ದೇಶನದ ಮತ್ತೊಂದು ಕಥಾಚಿತ್ರ ತೆರೆಕಾಣಲಿಲ್ಲ, ಬರವಣಿಗೆ ನಿಲ್ಲಲಿಲ್ಲ. ರಿಷಬ್ ಶೆಟ್ಟಿ ನಿರ್ದೇಶಿಸಿದ ‘ಕಿರಿಕ್ ಪಾರ್ಟಿ’ (2016), ಸಚಿನ್ ರವಿ ನಿರ್ದೇಶಿಸಿದ ‘ಅವನೇ ಶ್ರೀಮನ್ನಾರಾಯಣ’ (2019) ಚಿತ್ರಗಳನ್ನು ಅವರು ‘ದಿ ಸೆವೆನ್ ಆಡ್ಸ್’ ಬಳಗದೊಡನೆ ಬರೆದರು. ಏಕಕರ್ತೃವನ್ನೇ ನಂಬಿದ ನಮ್ಮ ವಿಮರ್ಶೆಗೆ ಇಂತಹ ಸಾಮೂಹಿಕ ಬರವಣಿಗೆ ತೊಡಕೆನಿಸಬಹುದು. ಪಠ್ಯಪರಂಪರೆಯ ಗೋಜಲುಗಳನ್ನು ಬಿಡಿಸಿದ ಶಿಸ್ತಿಗೆ ಇದು ಅಸಾಧ್ಯವೇನಲ್ಲ.

ಪಡುಬಿದ್ರಿ, ಕಾಪು ಕಡೆಯ ಕಾಲೇಜುಗಳಲ್ಲಿ ಈ ಕೆಲಸವನ್ನು ನಾಳೆಯೇ ಆರಂಭಿಸಬಹುದು. ‘ಉಳಿದವರು ಕಂಡಂತೆ’ಯ ಒಂದು ದೃಶ್ಯದ ಮಾತುಗಳನ್ನು ಬರೆದುಕೊಂಡು, ‘ಎಂತ’, ‘ಉಂಟು’, ‘ಮಾರಾಯ’ಗಳಂತಹ ಬಳಕೆಗಳನ್ನು ಗುರುತಿಸಿ, ತುಳು ಮನೆಮಾತಿನ ವಿದ್ಯಾರ್ಥಿಗಳನ್ನು ಕೇಳಿದರೆ ಸಾಕು: ಇದೇ ಮಾತನ್ನು ನಿಮ್ಮ ಮನೆಯಲ್ಲಿ ಹೇಗೆ ಆಡುತ್ತೀರಿ?