ಪೋಷಕ ಪಾತ್ರದ ಹಿರಿಮೆ

ಚಲನಚಿತ್ರದ ಮಾತು ಬಂದೊಡನೆ ನಾಯಕ-ನಾಯಿಕೆಯರ ಹೆಸರುಗಳೇ ನಮ್ಮ ನಾಲಗೆಯ ಮೇಲೆ ಸುಳಿಯುತ್ತವೆ. ತಾಯಿ, ಅತ್ತೆ, ನೆರೆಮನೆಯಾಕೆಯ ಪಾತ್ರ ವಹಿಸಿದವರನ್ನು ಮುಖದಿಂದ ಗುರುತಿಸುತ್ತೇವೆಯೇ ಹೊರತು ಹೆಸರಿನಿಂದಲ್ಲ. ಈ ಅಲಕ್ಷ್ಯವು ನ್ಯಾಯವಲ್ಲವೆಂಬುದು ನನ್ನ ಅಭಿಪ್ರಾಯ. ಲಲಿತಾ ಪವಾರ್ ಅವರ ಜೀವನ ಇದಕ್ಕೆ ತಕ್ಕ ನಿದರ್ಶನ.

ದೌಂಡದಿಂದ ಮನ್ಮಾಡಿಗೆ ಸಾಗುವ ರೈಲುಮಾರ್ಗದಲ್ಲಿ, ಪೈಠಣಿ ಸೀರೆಗಳಿಗೆ ಹೆಸರಾದ ಯೇವಲೆ ಎಂಬ ಊರಿದೆ. 1916ರಲ್ಲಿ ಆಕೆ ಜನಿಸಿದ್ದು ಅಲ್ಲಿ. 1998ರ ಫೆಬ್ರವರಿ 24ರಂದು ಕಣ್ಮುಚ್ಚಿದ್ದು ಪುಣೆಯ ಔಂಧ್‌ನಲ್ಲಿ. 1928ರಲ್ಲಿ, ಇನ್ನೂ ಬಾಲೆಯಾಗಿದ್ದಾಗ, ‘ರಾಜಾ ಹರಿಶ್ಚಂದ್ರ’ ಮೂಕಿಚಿತ್ರದಲ್ಲಿ ಕಾಣಿಸಿಕೊಂಡರು. 1932ರ ‘ಕೈಲಾಸ್’ ಮೂಕಿಚಿತ್ರದಲ್ಲಿ ಅಭಿನಯಿಸಿದ್ದಲ್ಲದೆ ಅದರ ನಿರ್ಮಾಣದಲ್ಲಿಯೂ ಪಾಲುಗೊಂಡರು. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ ಕೊಲ್ಹಾಪುರದಲ್ಲಿ ಸಿದ್ಧಗೊಂಡು 1934ರಲ್ಲಿ ತೆರೆಕಂಡಾಗ ಆಕೆಗೆ ಆಗಲೇ ಆರು ವರ್ಷಗಳ ಅನುಭವವಿತ್ತು.

1942ರಲ್ಲಿ ಚಿತ್ರೀಕರಣವೊಂದರ ವೇಳೆ ಸಹನಟನು ಕೊಡಬೇಕಾಗಿದ್ದ ಕಪಾಳಮೋಕ್ಷ ಅಳತೆಮೀರಿ ಬಿದ್ದಿತು. ಮುಖಕ್ಕೆ ಪಾರ್ಶ್ವವಾಯು ಬಡಿಯಿತು. ಎಡಗಣ್ಣಿನ ರಕ್ತನಾಳಕ್ಕೆ ಧಕ್ಕೆಯಾಯಿತು. ಸುಮಾರು ಮೂರು ವರ್ಷಗಳ ಚಿಕಿತ್ಸೆಯ ನಂತರವೂ ಆ ಕಣ್ಣಿನ ಊನ ಉಳಿದೇ ಉಳಿಯಿತು. ನಾಯಿಕೆಯ ಪಾತ್ರಗಳ ಬಾಗಿಲು ಮುಚ್ಚಿತು. ಆಕೆ ಮನೆಗೆ ಮರಳಲಿಲ್ಲ. ಪೋಷಕ ಪಾತ್ರಗಳನ್ನು ಒಪ್ಪಿಕೊಂಡು ಮುಂದೆ ನಡೆದರು. ಒಟ್ಟು ಚಿತ್ರಗಳ ಸಂಖ್ಯೆ 700ರ ಸಮೀಪಕ್ಕೆ ಬಂದಿತು.

ಇಲ್ಲಿ ಚಿತ್ರರಂಗವನ್ನು ಕುರಿತು ಒಂದು ಮಾತನ್ನು ಹೇಳದೆ ಇರಲಾರೆ. ಊನಗೊಂಡ ಕಣ್ಣನ್ನು ಅದು ಕ್ರೌರ್ಯದ ಗುರುತಾಗಿ ಬಳಸಿಕೊಂಡಿತು. ಸೊಸೆಯನ್ನು ಕಾಡುವ ಅತ್ತೆಯಿಂದ ಮೊದಲ್ಗೊಂಡು, 1987ರಲ್ಲಿ ಆರಂಭವಾದ ದೂರದರ್ಶನದ ‘ರಾಮಾಯಣ’ದ ಮಂಥರೆಯವರೆಗೆ ಅದೇ ಜಾಡು. ದೇಹದ ಕೊರತೆಗೂ ಮನಸ್ಸಿನ ಕೇಡಿಗೂ ಯಾವ ಸಂಬಂಧ? ‘ಶ್ರೀ 420’ರ (1955) ಬಾಳೆಹಣ್ಣು ಮಾರುವ ಗಂಗಾಮಾಯಿ, ‘ಅನಾಡಿ’ಯ (1959) ಮಿಸೆಸ್ ಡಿಸಾ ಈ ಪ್ರಶ್ನೆಗೆ ಆಕೆಯೇ ಕೊಟ್ಟ ಉತ್ತರ. ಅದೇ ಮುಖ, ಅದೇ ಕಣ್ಣು. ಆದರೆ ಅಲ್ಲಿ ಉಕ್ಕಿದ್ದು ವಾತ್ಸಲ್ಯ. ‘ಅನಾಡಿ’ಗೆ ಫಿಲಂಫೇರ್ ಪೋಷಕ ನಟಿ ಪ್ರಶಸ್ತಿ ಸಂದಿತು, 1961ರಲ್ಲಿ ಸಂಗೀತ ನಾಟಕ ಅಕಾಡೆಮಿಯ ಗೌರವ ದೊರೆಯಿತು.

ಲೆಕ್ಕಪತ್ರಗಳ ನಡುವೆ ದಿನ ಕಳೆಯುವ ನನಗೆ ಇನ್ನೊಂದು ವಿಷಯವೂ ತೋರುತ್ತದೆ. ಮುಖವನ್ನೇ ಬಂಡವಾಳವಾಗಿಸಿಕೊಂಡ ಕಲಾವಿದರಿಗೆ ಅಪಘಾತದ ಕಾಲದಲ್ಲಿ ಆಸರೆ ಬೇಡವೇ? ಸಿನಿಮಾ ಕಾರ್ಮಿಕರ ಕಲ್ಯಾಣ ನಿಧಿಯ ಕಾಯಿದೆ ಬಂದುದು 1981ರಲ್ಲಿ. ಆಕೆ ಪೆಟ್ಟು ತಿಂದು ಅಷ್ಟರಲ್ಲಿ 39 ವರ್ಷಗಳು ಸಂದಿದ್ದವು.

ಮುಖದ ಪಾರ್ಶ್ವವಾಯು ಪೆಟ್ಟಿನಿಂದಲೇ ಬರಬೇಕೆಂದಿಲ್ಲ. ಮುಖಸ್ನಾಯುಗಳನ್ನು ಆಡಿಸುವ ಏಳನೆಯ ಕಪಾಲನರ ಊದಿಕೊಂಡರೂ ಬಾಯಿ ಸೊಟ್ಟಗಾಗಿ, ರೆಪ್ಪೆ ಮುಚ್ಚದಂತಾಗುತ್ತದೆ. ಇದನ್ನು ಬೆಲ್ಸ್ ಪಾಲ್ಸಿ ಎನ್ನುವರು. 72 ಗಂಟೆಗಳೊಳಗೆ ವೈದ್ಯರು ಔಷಧವನ್ನು ಆರಂಭಿಸಿದರೆ ಗುಣ ಹೆಚ್ಚು. ಮುಚ್ಚದ ಕಣ್ಣು ಒಣಗದಂತೆಯೂ ಕಾಪಾಡಬೇಕು. ಆದರೆ ಮುಖ ಸೊಟ್ಟಗಾದುದು ಮಿದುಳಿನ ಆಘಾತದ ಚಿಹ್ನೆಯೂ ಆಗಿರಬಹುದು. ಆದುದರಿಂದ ಕಾರಣವನ್ನು ಮನೆಯಲ್ಲಿ ಊಹಿಸುತ್ತ ಕೂರದೆ, ಮನೆಮದ್ದಿನಲ್ಲಿ ಕಾಲ ಕಳೆಯದೆ, ಕೂಡಲೇ ಆಸ್ಪತ್ರೆಗೆ ಧಾವಿಸತಕ್ಕದ್ದು.

ಗುಣವಾದ ಮೇಲೂ ಕೊರತೆ ಉಳಿದರೆ? ಮದುವೆಮನೆಗೆ ಹೋಗದೆ, ಭಾವಚಿತ್ರಕ್ಕೆ ನಿಲ್ಲದೆ ಹಿಂದೆ ಸರಿಯುವವರು ನಮ್ಮ ನಡುವೆಯೂ ಉಂಟು. ಅವರು ಸರಿಯುವುದು ನೋಯುತ್ತಿರುವ ಮುಖಕ್ಕಾಗಿ ಅಲ್ಲ, ನೋಡುವ ನಮ್ಮ ಕಣ್ಣಿಗೆ ಅಂಜಿ. ಪರವೂರಿನಲ್ಲಿ ಕನ್ನಡದ ಹೆಸರಿನಲ್ಲಿ ಒಂದುಗೂಡುವ ನಾವು ಅಂಥವರನ್ನು ಕೈಹಿಡಿದು ಮುಂದಿನ ಸಾಲಿಗೆ ಕರೆತರಬೇಕು. ಊನಗೊಂಡ ಕಣ್ಣಿನಿಂದಲೇ ಅರ್ಧ ಶತಮಾನ ಕ್ಯಾಮೆರಾವನ್ನು ಎದುರಿಸಿ ನಿಂತ ಆ ಮಹಾಕಲಾವಿದೆಗೆ ನಾವು ಸಲ್ಲಿಸಬಹುದಾದ ಗೌರವ ಅದಕ್ಕಿಂತ ಬೇರೊಂದಿಲ್ಲ.