ಮೊಹರು ಸರಕಾರದ್ದು, ಶಿಕ್ಷೆ ಗುಮಾಸ್ತನಿಗೆ!

ಸಿದ್ದಾಪುರದ ಪೇಟೆಯ ಸಣ್ಣ ವ್ಯಾಪಾರಿಯೊಬ್ಬ ತನ್ನ ತೂಕದ ಬಟ್ಟುಗಳನ್ನು ಇಲಾಖೆಯವರ ಮುಂದಿಟ್ಟು, ಶುಲ್ಕ ಕಟ್ಟಿ, ಮುದ್ರೆ ಹಾಕಿಸಿಕೊಂಡನೆನ್ನೋಣ. ಇಪ್ಪತ್ತೈದು ವರ್ಷಗಳ ಮೇಲೆ ಅದೇ ಇಲಾಖೆ ಬಂದು, "ನಾವು ಹಾಕಿದ ಮುದ್ರೆಯೇ ತಪ್ಪು, ಆದುದರಿಂದ ನೀನು ಕಳ್ಳ, ಅಂಗಡಿಗೆ ಬೀಗ ಹಾಕು" ಎಂದರೆ ಅವನು ಸುಮ್ಮನಿದ್ದಾನೆಯೇ? ಮುದ್ರೆ ಒತ್ತಿದ ಕೈ ಯಾರದೆಂದು ಕೇಳದೆ ಬಿಟ್ಟಾನೆಯೇ?

ಬಟ್ಟಿನ ಜಾಗದಲ್ಲಿ ಜಾತಿಯ ಪ್ರಮಾಣಪತ್ರವನ್ನು ಇಟ್ಟು ನೋಡಿ. ನಮ್ಮ ರಾಜ್ಯದ ಬ್ಯಾಂಕುಗಳ ಮತ್ತು ಸಾರ್ವಜನಿಕ ಉದ್ದಿಮೆಗಳ ನೌಕರರಿಗೆ ಆದದ್ದು ಇದೇ.

ಸಂವಿಧಾನದ 341ನೆಯ ಅನುಚ್ಛೇದದಂತೆ ಪರಿಶಿಷ್ಟ ಜಾತಿಗಳ ಪಟ್ಟಿಯನ್ನು ಹೊರಡಿಸುವವರು ರಾಷ್ಟ್ರಪತಿಗಳು. ಒಮ್ಮೆ ಹೊರಟ ಪಟ್ಟಿಗೆ ಒಂದು ಹೆಸರನ್ನು ಸೇರಿಸುವ ಅಥವಾ ತೆಗೆಯುವ ಅಧಿಕಾರ ಪಾರ್ಲಿಮೆಂಟಿಗೆ ಮಾತ್ರ. ಕರ್ನಾಟಕದ ಪಟ್ಟಿಯಲ್ಲಿ 'ಕೋಟೆಗಾರ್, ಮೇತ್ರಿ' ಎಂಬ ನಮೂದು ಉಂಟು. ರಾಜ್ಯ ಸರಕಾರವು ತನ್ನ ಸುತ್ತೋಲೆಗಳ ಮೂಲಕ ಕೋಟೆಕ್ಷತ್ರಿಯ, ಕೋಟೆಯವ, ಕೋಟೆಯಾರ್, ರಾಮಕ್ಷತ್ರಿಯ, ಶೇರುಗಾರ, ಸರ್ವೇಗಾರ ಎಂಬ ಹೆಸರುಗಳನ್ನೂ ಇದಕ್ಕೆ ಜೋಡಿಸಿತು. ಕುಂದಾಪುರದ ಕಡೆಯವರಿಗೆ ಇವುಗಳಲ್ಲಿ ಕೆಲವು ಹೊಸ ಹೆಸರುಗಳಲ್ಲ. ಪಾರ್ಲಿಮೆಂಟು ಮಾಡಬೇಕಾದ ಕೆಲಸವನ್ನು ಬೆಂಗಳೂರಿನ ಒಂದು ಕಛೇರಿ ಮೇಜು ಮಾಡಿ ಮುಗಿಸಿತು!

ಘಟ್ಟದ ಬುಡದ ಹಳ್ಳಿಯಿಂದ ಬಸ್ಸು ಹಿಡಿದು ತಾಲೂಕು ಕಛೇರಿಗೆ ಹೋಗಿ ಸಾಲಿನಲ್ಲಿ ನಿಂತ ಹುಡುಗನಿಗೆ ಅನುಚ್ಛೇದ 341 ಗೊತ್ತಿರಬೇಕಿತ್ತೇ? ಸುತ್ತೋಲೆ ಸರಕಾರದ್ದು, ಸಹಿ ತಹಶೀಲ್ದಾರರದ್ದು. ಆ ಕಾಗದವನ್ನು ನಂಬಿ ಆತ ಅರ್ಜಿ ಹಾಕಿದ, ಕೆಲಸಕ್ಕೆ ಸೇರಿದ.

2000ದ ನವೆಂಬರ್ 28ರಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠವು ಮಹಾರಾಷ್ಟ್ರದ ಹಲ್ಬಾ-ಕೋಷ್ಟಿಗಳ ಮೊಕದ್ದಮೆಯಲ್ಲಿ, ಇಂಥ ಪಟ್ಟಿಗಳನ್ನು ಹಿಗ್ಗಿಸುವ ಅಧಿಕಾರ ರಾಜ್ಯ ಸರಕಾರಗಳಿಗೂ ಇಲ್ಲ, ಕೋರ್ಟುಗಳಿಗೂ ಇಲ್ಲ ಎಂದು ಖಡಾಖಂಡಿತವಾಗಿ ಹೇಳಿತು. ಆಗ ಕರ್ನಾಟಕ ಸರಕಾರಕ್ಕೆ ಎಚ್ಚರವಾಯಿತು. 2003ರ ಮಾರ್ಚ್ 29ರ ಸುತ್ತೋಲೆಯಲ್ಲಿ, ಮೇಲೆ ಹೇಳಿದ ಹೆಸರುಗಳವರು ಆಗಲೇ ಪಡೆದಿದ್ದ ಕೆಲಸ ಉಳಿಯುತ್ತದೆ, ಆದರೆ ಇನ್ನು ಮುಂದೆ ಅವರು ಸಾಮಾನ್ಯ ವರ್ಗದವರು, ಎಂದು ಅಭಯ ಕೊಟ್ಟಿತು. 2005ರ ಆಗಸ್ಟ್ 17ರಂದು ಕೇಂದ್ರದ ಹಣಕಾಸು ಮಂತ್ರಾಲಯವೂ ಬ್ಯಾಂಕು ನೌಕರರಿಗೆ ಇದೇ ರಕ್ಷಣೆಯನ್ನು ಕೊಟ್ಟು ಪತ್ರ ಬರೆಯಿತು.

ಇಷ್ಟಾದ ಮೇಲೂ, 1906ರಲ್ಲಿ ಮಂಗಳೂರಿನಲ್ಲಿ ಹುಟ್ಟಿ 1969ರಲ್ಲಿ ರಾಷ್ಟ್ರದ ಸೊತ್ತಾದ ಕೆನರಾ ಬ್ಯಾಂಕು ಮತ್ತು ಇತರ ಉದ್ದಿಮೆಗಳು ಮಾಡಿದ್ದೇನು? "ನಿನ್ನನ್ನು ಕೆಲಸದಿಂದ ಯಾಕೆ ತೆಗೆಯಬಾರದು?" ಎಂದು ನೌಕರರಿಗೆ ಕಾರಣ ಕೇಳುವ ನೋಟೀಸು ಕೊಟ್ಟವು! ಪ್ರಕರಣ ಸುಪ್ರೀಂ ಕೋರ್ಟಿನ ಮೆಟ್ಟಿಲೇರಬೇಕಾಯಿತು. 2024ರ ಆಗಸ್ಟ್ 28ರಂದು ನ್ಯಾಯಮೂರ್ತಿ ಹಿಮಾ ಕೊಹ್ಲಿ ಮತ್ತು ಸಂದೀಪ್ ಮೆಹ್ತಾ ಅವರ ಪೀಠವು ಆ ನೋಟೀಸುಗಳನ್ನು ರದ್ದುಮಾಡಿ, 2003ರ ಸುತ್ತೋಲೆಯ ಮಾತನ್ನು ಎತ್ತಿಹಿಡಿಯಿತು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕುವ ಆಡಳಿತಕ್ಕೆ ಇದು ತಕ್ಕ ಪಾಠ. ಹಂಚಿನ ಕಾರ್ಖಾನೆಯಲ್ಲಿ ಅಚ್ಚು ಸೊಟ್ಟಗಿದ್ದರೆ ಮಣ್ಣು ತುಳಿದವನ ಕೂಲಿಯನ್ನು ಕತ್ತರಿಸುವುದುಂಟೇ?

ಆದರೆ ಇಲ್ಲಿಗೇ ಮಾತು ನಿಲ್ಲಿಸಿದರೆ ನಾವು ಅರ್ಧ ಸತ್ಯ ಹೇಳಿದಂತಾಗುತ್ತದೆ. ಆ ಹುದ್ದೆಗಳು ಯಾರ ಪಾಲಿನವು? ಶತಮಾನಗಳ ಕಾಲ ಊರ ಹೊರಗಿಟ್ಟ, ಬಾವಿಯ ನೀರನ್ನೂ ಮುಟ್ಟಗೊಡದ ಜನರ ಮಕ್ಕಳಿಗೆಂದು ಸಂವಿಧಾನ ತೆಗೆದಿಟ್ಟ ಪಾಲು ಅದು. ಒಂದು ಸುತ್ತೋಲೆ ಆ ಪಾಲಿಗೆ ಕೈ ಹಾಕಿತು. 2017ರ ಜುಲೈ 6ರಂದು ಸುಪ್ರೀಂ ಕೋರ್ಟು ಆಹಾರ ನಿಗಮದ ಪ್ರಕರಣದಲ್ಲಿ, ಮೋಸದ ಉದ್ದೇಶ ಇರಲಿ ಬಿಡಲಿ, ಅರ್ಹನಲ್ಲದವನು ಪಡೆದ ಮೀಸಲಾತಿಯ ಲಾಭ ಉಳಿಯದು ಎಂದದ್ದು ಈ ಅನ್ಯಾಯವನ್ನು ಕಂಡೇ. ಆ ಮಾತಿನ ಹಿಂದಿನ ನೋವನ್ನು ಹಗುರಾಗಿ ತಳ್ಳಿಹಾಕುವವನು ದಲಿತರ ಮಿತ್ರನಲ್ಲ.

ಆದರೂ ಕೇಳುತ್ತೇವೆ: ಐವತ್ತೈದರ ಗುಮಾಸ್ತನನ್ನು ಹೊರಹಾಕಿದರೆ, ಅಂದು ಕೆಲಸ ಕಳೆದುಕೊಂಡ ದಲಿತ ತರುಣನಿಗೆ ಏನು ಸಿಕ್ಕಿತು? ಅವನಿಗೂ ಈಗ ತಲೆ ನರೆತಿದೆ. ಗುಮಾಸ್ತನನ್ನು ಉಳಿಸಿದರೂ ಅವನಿಗೆ ಏನೂ ಸಿಗಲಿಲ್ಲ. ಇಬ್ಬರು ಬಡವರು ಕೋರ್ಟಿನ ಅಂಗಳದಲ್ಲಿ ಒಬ್ಬರನ್ನೊಬ್ಬರು ದುರುಗುಟ್ಟಿ ನೋಡುತ್ತಿರುವಾಗ, ಅಧಿಕಾರವಿಲ್ಲದೆ ಸುತ್ತೋಲೆ ಬರೆದವರನ್ನು ಕೇಳುವವರಿಲ್ಲ! ಜಾತಿಜಾತಿಗಳ ನಡುವೆ ಕಿಚ್ಚು ಹಚ್ಚಿ ತಾನು ದಡದಲ್ಲಿ ನಿಲ್ಲುವುದು ಅಧಿಕಾರಶಾಹಿಯ ಹಳೆಯ ಚಾಳಿ.

ಖೊಟ್ಟಿ ಕಾಗದ ಸೃಷ್ಟಿಸಿ, ಸುಳ್ಳು ಜಾತಿ ಹೇಳಿ ದಲಿತರ ಅನ್ನ ಕದ್ದವನಿಗೆ ನಮ್ಮಲ್ಲಿ ದಯೆಯಿಲ್ಲ. ಅವನು ಹೋಗಲೇಬೇಕು. ಆದರೆ ಕಳ್ಳನನ್ನೂ ಸರಕಾರದ ಮಾತು ನಂಬಿದವನನ್ನೂ ಒಂದೇ ಹಗ್ಗದಲ್ಲಿ ಕಟ್ಟುವುದು ನ್ಯಾಯವಲ್ಲ.

ಆದುದರಿಂದ ಕಾರ್ಮಿಕ ಸಂಘಗಳು ಒಕ್ಕೊರಲಿನಿಂದ ಕೇಳಬೇಕಾದದ್ದು ಇವು:

ಒಂದು, ಜಾತಿಯ ನಿಜವನ್ನು ತೀರ್ಮಾನಿಸಬೇಕಾದದ್ದು ಜಿಲ್ಲಾ ಜಾತಿ ಪರಿಶೀಲನಾ ಸಮಿತಿ, ಮ್ಯಾನೇಜರನ ಗುಮಾನಿಯಲ್ಲ. ಅದೂ ನೌಕರನಿಗೆ ಕಾಗದ ಕೊಟ್ಟು, ಅವನ ಮಾತು ಕೇಳಿದ ಮೇಲೆ.

ಎರಡು, ಪರಿಶೀಲನೆ ಕೆಲಸಕ್ಕೆ ಸೇರುವಾಗಲೇ ಮುಗಿಯಬೇಕು. ಇಂಥ ವಿಚಾರಣೆಯನ್ನು ಎರಡು ತಿಂಗಳೊಳಗೆ ಮುಗಿಸಿ ಎಂದು ಸುಪ್ರೀಂ ಕೋರ್ಟು 1994ರಲ್ಲೇ ಮಾಧುರಿ ಪಾಟೀಲ್ ಪ್ರಕರಣದಲ್ಲಿ ಹೇಳಿದೆ. ನಿವೃತ್ತಿಯ ಹೊಸ್ತಿಲಲ್ಲಿ ಕತ್ತಿ ಎತ್ತುವುದೇಕೆ?

ಮೂರು, ಸುತ್ತೋಲೆಯನ್ನು ನಂಬಿ ಸೇರಿದವರ ಕೆಲಸಕ್ಕೂ ಪಿಂಚಣಿಗೂ ಧಕ್ಕೆ ಬರಬಾರದು. ಮುಂದಿನ ಮೀಸಲಾತಿ ಲಾಭ ಅವರಿಗೆ ಬೇಡ.

ನಾಲ್ಕು, ಎಲ್ಲಕ್ಕಿಂತ ಮುಖ್ಯವಾದದ್ದು: ಹೀಗೆ ಕೈತಪ್ಪಿದ ಹುದ್ದೆಗಳನ್ನು ಒಂದೊಂದಾಗಿ ಎಣಿಸಿ, ಅಷ್ಟೇ ಹುದ್ದೆಗಳನ್ನು ಹಿಂಬಾಕಿಯೆಂದು ಪರಿಶಿಷ್ಟ ಜಾತಿಯ ತರುಣ ತರುಣಿಯರಿಗೆ ಕೊಡಬೇಕು.

ಗುಮಾಸ್ತನ ಅನ್ನ ಉಳಿಯಲಿ, ದಲಿತನ ಪಾಲು ದಲಿತನಿಗೆ ಸೇರಲಿ. ಸಾಲ ಮಾಡಿದ್ದು ಸರಕಾರ, ತೀರಿಸಬೇಕಾದದ್ದೂ ಸರಕಾರವೇ.