ಮಣಿಕಟ್ಟಿನ ನರಕ್ಕೆ ಸ್ಕ್ಯಾನಿಂಗ್ ಬೇಕೆ? ಬೀದರ ಜಿಲ್ಲೆಯ ನೆಲೆಯಿಂದ ಒಂದು ಪರ-ವಿರೋಧ

ಮಣಿಕಟ್ಟಿನಲ್ಲಿ ಎಂಟು ಚಿಕ್ಕ ಎಲುಬುಗಳು ಕಮಾನಾಗಿ ನಿಂತು, ಅಂಗೈ ಬದಿಯಲ್ಲಿ ಅವುಗಳ ಮೇಲೆ ಅಡ್ಡಲಾಗಿ ದಪ್ಪ ನಾರುಪಟ್ಟಿಯೊಂದು ಹಾಯ್ದು, ಎರಡರ ನಡುವೆ ಇಕ್ಕಟ್ಟಾದ ಸುರಂಗವೊಂದು ಏರ್ಪಟ್ಟಿರುತ್ತದೆ. ಬೆರಳುಗಳನ್ನು ಮಡಿಸುವ ಒಂಬತ್ತು ಸ್ನಾಯುರಜ್ಜುಗಳೂ ಮೀಡಿಯನ್ ಎಂಬ ನರವೂ ಇದರೊಳಗಿನಿಂದಲೇ ಅಂಗೈಗೆ ಇಳಿಯುತ್ತವೆ. ಸುರಂಗದೊಳಗೆ ಒತ್ತಡ ಹೆಚ್ಚಿ ಈ ನರ ಅದುಮಿಹೋದಾಗ ಹೆಬ್ಬೆರಳು, ತೋರುಬೆರಳು, ನಡುಬೆರಳು ಹಾಗೂ ಉಂಗುರ ಬೆರಳಿನ ಅರ್ಧಭಾಗ ಜೋಮು ಹಿಡಿಯುತ್ತವೆ, ನಡುರಾತ್ರಿ ಎಚ್ಚರವಾಗುತ್ತದೆ, ಕೈ ಕೊಡವಿದರೆ ತುಸು ಹಾಯೆನಿಸುತ್ತದೆ. ವೈದ್ಯಶಾಸ್ತ್ರ ಇದನ್ನು ಕಾರ್ಪಲ್ ಟನಲ್ ಸಿಂಡ್ರೋಮ್ ಎನ್ನುತ್ತದೆ. ನಡುವಯಸ್ಸಿನ ಹೆಂಗಸರಲ್ಲಿ, ಸಕ್ಕರೆ ಕಾಯಿಲೆ ಅಥವಾ ಥೈರಾಯ್ಡ್ ಕೊರತೆ ಇರುವವರಲ್ಲಿ, ಬಸುರಿಯರಲ್ಲಿ ಇದು ಹೆಚ್ಚು. ಬಿಗಿಯಾಗಿ ಹಿಡಿದು, ಮಣಿಕಟ್ಟು ಬಾಗಿಸಿ, ಒಂದೇ ಚಲನೆಯನ್ನು ಮತ್ತೆ ಮತ್ತೆ ಮಾಡುವ ದುಡಿಮೆಯೂ ಅಪಾಯವನ್ನು ಹೆಚ್ಚಿಸುತ್ತದೆ. ಬೀದರದಲ್ಲಿ ಅಂಥ ದುಡಿಮೆಯನ್ನು ಹುಡುಕಬೇಕಿಲ್ಲ. 2006ರಲ್ಲಿ ಭೌಗೋಳಿಕ ಗುರುತು ಪಡೆದ ಬಿದರಿ ಕಲೆಯ ಕುಶಲಕರ್ಮಿ ಸತು-ತಾಮ್ರದ ಹೂಜಿಯನ್ನು ಮೈಲುತುತ್ತದಿಂದ ತಾತ್ಕಾಲಿಕವಾಗಿ ಕಪ್ಪಾಗಿಸಿ, ಅದರ ಮೇಲೆ ಉಳಿಯಿಂದ ಕೂದಲೆಳೆಯ ಗೆರೆ ಕೊರೆದು, ಆ ಗೆರೆಯೊಳಗೆ ಬೆಳ್ಳಿ ತಂತಿಯನ್ನು ಸಣ್ಣ ಸುತ್ತಿಗೆಯಿಂದ ಬಡಿದು ಕೂರಿಸುವಾಗ ಉಳಿ ಹಿಡಿದ ಹೆಬ್ಬೆರಳು ಗಂಟೆಗಟ್ಟಲೆ ಸಡಿಲಾಗುವುದಿಲ್ಲ. ಭಾಲ್ಕಿಯ ಕಬ್ಬಿನ ಗದ್ದೆಯ ಕೊಯ್ಲಿನವರ ಕೈಯೂ, ದಿನವೂ ಜೋಳದ ರೊಟ್ಟಿ ಬಡಿಯುವ ಹೆಂಗಸರ ಕೈಯೂ ಇದಕ್ಕಿಂತ ಬೇರೆಯಲ್ಲ. ಇಂಥವರು ಕೈ ಜೋಮೆಂದು ಆಸ್ಪತ್ರೆಗೆ ಬಂದಾಗ ಅಲ್ಟ್ರಾಸೌಂಡ್ ಚಿತ್ರಣವನ್ನು ವಾಡಿಕೆಯ ಮೊದಲ ಪರೀಕ್ಷೆಯಾಗಿ ಮಾಡಬೇಕೆ ಎಂಬುದು ಇಲ್ಲಿನ ಪ್ರಶ್ನೆ.

ಪರ

ಈ ರೋಗಕ್ಕೆ ಬಹುಕಾಲದಿಂದ ನೆಚ್ಚಿಕೊಂಡು ಬಂದಿರುವುದು ನರವಹನ ಪರೀಕ್ಷೆ. ಚರ್ಮದ ಮೇಲಿನಿಂದ ನರಕ್ಕೆ ಸಣ್ಣ ವಿದ್ಯುತ್ ಆಘಾತ ಕೊಟ್ಟು, ಸಂಕೇತ ಮಣಿಕಟ್ಟನ್ನು ದಾಟಲು ಎಷ್ಟು ತಡವಾಗುತ್ತದೆ ಎಂದು ಅಳೆಯುವ ವಿಧಾನವಿದು. ಅದರ ಯಂತ್ರವೂ ಅದನ್ನು ಓದಬಲ್ಲ ನರತಜ್ಞರೂ ದೊಡ್ಡ ನಗರಗಳಲ್ಲಿ ಕಲೆತಿದ್ದಾರೆ. ಔರಾದಿನ ಕೂಲಿಕಾರ್ತಿ 40 ಕಿ.ಮೀ. ಆಸುಪಾಸಿನ ಬೀದರಕ್ಕೆ ಬರುವುದೇ ಒಂದು ದಿನದ ಕೂಲಿಗೆ ಎರವಾಗಿರುವಾಗ, ಅಲ್ಲಿಂದ ಮುಂದೆ ಸುಮಾರು 140 ಕಿ.ಮೀ. ದೂರದ ಹೈದರಾಬಾದಿನ ಚೀಟಿ ಬರೆದುಕೊಟ್ಟರೆ ಆಕೆ ಆ ಚೀಟಿಯನ್ನು ಮಡಿಚಿಟ್ಟು ಮತ್ತೆ ಕುಡುಗೋಲು ಹಿಡಿಯುತ್ತಾಳೆ. ಅಲ್ಟ್ರಾಸೌಂಡ್ ಯಂತ್ರವಾದರೋ ತಾಲ್ಲೂಕು ಊರುಗಳಿಗೂ ಬಂದಿದೆ. ಅದರಲ್ಲಿ ನೋವಿಲ್ಲ, ವಿಕಿರಣವಿಲ್ಲ, ಎರಡೂ ಕೈ ನೋಡಲು ಕಾಲು ಗಂಟೆ ಸಾಕು.

ಚಿತ್ರದಲ್ಲಿ ಕಾಣುವುದೇನು? ಅದುಮಿದ ನರ ಸುರಂಗದ ಬಾಯಿಗೆ ಬರುವ ಮೊದಲೇ ಊದಿಕೊಂಡು, ಒಳಹೊಕ್ಕ ಮೇಲೆ ಚಪ್ಪಟೆಯಾಗುತ್ತದೆ, ಮೇಲಿನ ನಾರುಪಟ್ಟಿ ಅಂಗೈ ಕಡೆಗೆ ಉಬ್ಬುತ್ತದೆ. ಆಸ್ಟ್ರಿಯಾದ ಬುಖ್‌ಬರ್ಗರ್ ಮತ್ತು ಸಂಗಡಿಗರು 1991ರ ಸುಮಾರಿಗೆ ಈ ಲಕ್ಷಣಗಳನ್ನು ಅಲ್ಟ್ರಾಸೌಂಡಿನಲ್ಲಿ ದಾಖಲಿಸಿದ ಮೇಲೆ, ಮಣಿಕಟ್ಟಿನ ಬಟಾಣಿ ಗಾತ್ರದ ಪಿಸಿಫಾರ್ಮ್ ಎಲುಬಿನ ಮಟ್ಟದಲ್ಲಿ ನರದ ಅಡ್ಡಕೊಯ್ತದ ವಿಸ್ತೀರ್ಣ ಅಳೆಯುವುದು ರೂಢಿಗೆ ಬಂದಿತು. ಅದು 10 ಚದರ ಮಿ.ಮೀ. ದಾಟಿದರೆ ರೋಗದ ಸಂಶಯ ಬಲವಾಗುತ್ತದೆ. ಅಮೆರಿಕದ ನರ-ಸ್ನಾಯು ವೈದ್ಯರ ಸಂಘ 2012ರ ಮಾರ್ಗಸೂಚಿಯಲ್ಲಿ ಈ ಅಳತೆ ನಿಖರವಾದುದೆಂದು ಒಪ್ಪಿತು. ಹೆಚ್ಚು ಗಮನಿಸಬೇಕಾದ ಮಾತೆಂದರೆ, ಸ್ವತಃ ನರವಹನ ಪರೀಕ್ಷೆ ಮಾಡುವ ವೈದ್ಯರ ಕೂಟವದು.

ಆದರೆ ಪರ ವಾದದ ನಿಜವಾದ ಬಲ ಅಳತೆಯಲ್ಲಿಲ್ಲ, ಅಳತೆಯಾಚೆ ಕಣ್ಣಿಗೆ ಬೀಳುವುದರಲ್ಲಿದೆ. ಸುರಂಗದೊಳಗೆ ಕೂತ ಗಂಟು, ಊದಿದ ರಜ್ಜುಕವಚ, ಹುಟ್ಟಿನಿಂದಲೇ ಎರಡಾಗಿ ಕವಲೊಡೆದ ನರ, ಅದರ ಜೊತೆಗೆ ಉಳಿದುಬಂದ ಅಪಧಮನಿ, ಇವು ಯಾವುವೂ ವಿದ್ಯುತ್ ಪರೀಕ್ಷೆಗೆ ಕಾಣುವುದಿಲ್ಲ. ಶಸ್ತ್ರಚಿಕಿತ್ಸೆಗೆ ಮುನ್ನ ಕವಲು ಗೊತ್ತಿಲ್ಲದಿದ್ದರೆ ನರಕ್ಕೇ ಕತ್ತರಿ ತಗಲುವ ಅಪಾಯವೂ ಇದೆ. ಇನ್ನೊಂದು ಸಂಗತಿ ಈ ಸೀಮೆಗೆ ಹತ್ತಿರದ್ದು. ಕುಷ್ಠರೋಗ ನಿರ್ಮೂಲನೆಯ ಗುರಿಯನ್ನು, ಎಂದರೆ ಹತ್ತು ಸಾವಿರ ಜನರಿಗೆ ಒಂದಕ್ಕಿಂತ ಕಡಿಮೆ ರೋಗಿಯ ಮಟ್ಟವನ್ನು, ಭಾರತ 2005ರಲ್ಲಿ ಮುಟ್ಟಿದರೂ ರೋಗವೇನೂ ಮುಗಿದಿಲ್ಲ. ಕೆಲವರಲ್ಲಿ ಚರ್ಮದ ಮೇಲೆ ಮಚ್ಚೆಯೇ ಇಲ್ಲದೆ ನರ ಮಾತ್ರ ಕೆಡುತ್ತದೆ, ಮತ್ತು ಆ ನರ ಮೀಡಿಯನ್ ಆಗಿದ್ದರೆ ಬೆರಳಿನ ಜೋಮು ಕಾರ್ಪಲ್ ಟನಲ್ಲಿನಂತೆಯೇ ಇರುತ್ತದೆ. ಚಿತ್ರದಲ್ಲಿ ಮಾತ್ರ ಎರಡೂ ಬೇರೆ: ಸುರಂಗದ ರೋಗದಲ್ಲಿ ಊತ ಅದರ ಬಾಯಿಯ ಬಳಿಯಷ್ಟೇ ಇದ್ದರೆ, ಕುಷ್ಠದಲ್ಲಿ ಅದು ಮಣಿಕಟ್ಟಿನಿಂದ ಮೇಲೆ ಮುಂಗೈಯುದ್ದಕ್ಕೂ ಹಬ್ಬಿರುತ್ತದೆ. ಔಷಧಿಯಿಂದ ವಾಸಿಯಾಗುವ ರೋಗಕ್ಕೆ ಮಣಿಕಟ್ಟು ಕೊಯ್ಯುವುದನ್ನು ಈ ಒಂದು ನೋಟ ತಪ್ಪಿಸಬಲ್ಲದು.

ವಿರೋಧ

ವಿರೋಧಿಸುವವರು ಪರ ವಾದಿಗಳ ಸಾಕ್ಷ್ಯವನ್ನೇ ತಿರುವಿ ಹಿಡಿಯುತ್ತಾರೆ. 2014ರಲ್ಲಿ ಫೌಲರ್ ಮತ್ತು ಸಂಗಡಿಗರು ಅಲ್ಟ್ರಾಸೌಂಡ್ ಹಾಗೂ ನರವಹನ ಪರೀಕ್ಷೆಗಳನ್ನು ತೂಗಿ ನೋಡಿದಾಗ, ರೋಗವಿದ್ದವರನ್ನು ಹಿಡಿಯುವಲ್ಲಿ ಎರಡೂ ಶೇ. 89ರಷ್ಟು ಸಮರ್ಥವೆಂದೂ, ರೋಗವಿಲ್ಲದವರನ್ನು ಬಿಡುವಲ್ಲಿ ಅಲ್ಟ್ರಾಸೌಂಡ್ ಶೇ. 90, ನರವಹನ ಶೇ. 80 ಎಂದೂ ಕಂಡಿತು. ಅಲ್ಟ್ರಾಸೌಂಡಿಗೆ ಇದು ಗೆಲುವೇ. ಆದರೆ ರೋಗವಿದೆಯೋ ಇಲ್ಲವೋ ಎಂದು ತೀರ್ಮಾನಿಸಲು ಅಲ್ಲಿ ಬಳಸಿದ ಒರೆಗಲ್ಲು ಯಾವ ಯಂತ್ರವೂ ಅಲ್ಲ, ಸಿಟಿಎಸ್-6 ಎಂಬ ಆರು ಅಂಶಗಳ ಪಟ್ಟಿ. ಜೋಮು ಯಾವ ಬೆರಳಿಗೆ, ರಾತ್ರಿ ಹೆಚ್ಚೇ, ಹೆಬ್ಬೆರಳ ಬುಡದ ಸ್ನಾಯು ಸೊರಗಿದೆಯೇ, ಮಣಿಕಟ್ಟು ಮಡಿಚಿ ಹಿಡಿದರೆ ಜೋಮೇರುತ್ತದೆಯೇ, ನರದ ಮೇಲೆ ತಟ್ಟಿದರೆ ಬೆರಳಿಗೆ ಜುಮ್ಮೆನ್ನುತ್ತದೆಯೇ, ಎರಡು ಮೊನೆಗಳನ್ನು ಒಟ್ಟಿಗೆ ತಾಗಿಸಿದರೆ ಎರಡೆಂದು ತಿಳಿಯುತ್ತದೆಯೇ, ಇಷ್ಟನ್ನು ಕೇಳಿ, ಮುಟ್ಟಿ ನೋಡಿದರೆ ಅಂಕ ಸಿಗುತ್ತದೆ. ಚಿತ್ರದ ಸತ್ಯವನ್ನು ಈ ಆರು ಅಂಶಗಳಿಂದಲೇ ಅಳೆಯಬೇಕಾಗಿದ್ದರೆ, ಮೊದಲು ಅವನ್ನೇ ಕೇಳಿ ಮುಗಿಸಬಾರದೇಕೆ? ಅಮೆರಿಕದ ಮೂಳೆ ಶಸ್ತ್ರಚಿಕಿತ್ಸಕರ ಅಕಾಡೆಮಿ 2024ರಲ್ಲಿ ಇದೇ ನಿಲುವಿಗೆ ಬಂದು, ವಾಡಿಕೆಯ ಅಲ್ಟ್ರಾಸೌಂಡ್, ನರವಹನ ಎರಡರ ಬದಲಿಗೂ ಈ ಪಟ್ಟಿ ಸಾಕೆಂದು ಹೇಳಿದೆ. ಬಹಳಷ್ಟು ದುಬಾರಿಯಾದ ಎಂಆರ್‌ಐ ಈ ಚರ್ಚೆಗೆ ಬರುವುದೇ ಇಲ್ಲ. ಹಲವು ರೋಗಿಗಳು ತಾವಾಗಿ ಕೇಳುವ ಎಕ್ಸ್‌ರೇಯಲ್ಲಿ ಎಲುಬು ಕಾಣುತ್ತದೆಯೇ ಹೊರತು ನರ ಕಾಣುವುದಿಲ್ಲ.

ಯಂತ್ರ ತಾಲ್ಲೂಕಿಗೆ ಬಂದಿದೆ ಎಂಬ ಮಾತನ್ನೂ ಬಿಡಿಸಿ ನೋಡಬೇಕು. ಬಂದಿರುವುದು ಬಹುಮಟ್ಟಿಗೆ ಬಸುರಿಯರ ಹೊಟ್ಟೆ ನೋಡುವ ಯಂತ್ರ. ಆಳಕ್ಕೆ ಇಳಿಯಬೇಕಾದ ಅದರ ಬಾಗಿದ ಪ್ರೋಬು 2ರಿಂದ 5 ಮೆಗಾಹರ್ಟ್ಸ್‌ನದಾದರೆ, ಚರ್ಮದ ಕೆಳಗೇ ಇರುವ ನರದ ಅಂಚನ್ನು ಗುರುತಿಸಲು 12 ಮೆಗಾಹರ್ಟ್ಸ್ ಅಥವಾ ಅದಕ್ಕೂ ಮೇಲಿನ ನೇರ ಪ್ರೋಬು ಬೇಕು. ಅದಿದ್ದರೂ ಕೈ ಪಳಗಿರಬೇಕು. ಪ್ರೋಬು ತುಸು ವಾಲಿದರೆ ರಜ್ಜುಗಳು ಕಪ್ಪಾಗಿ ನರದಂತೆಯೇ ತೋರುತ್ತವೆ. ನರದ ಬಿಳಿಯ ಅಂಚಿನ ಒಳಗೆ ಗೆರೆ ಎಳೆಯುವ ಬದಲು ಹೊರಗೆ ಎಳೆದರೆ 9 ಇದ್ದುದು 11 ಆಗುತ್ತದೆ, ಆರೋಗ್ಯವಂತೆ ರೋಗಿಯಾಗುತ್ತಾಳೆ. ರೋಗದ ಮಿತಿಯನ್ನು ಎಲ್ಲಿ ಹಾಕಬೇಕೆಂಬುದರಲ್ಲೇ ಸಂಶೋಧಕರಲ್ಲಿ ಒಮ್ಮತವಿಲ್ಲ, 8.5ರಿಂದ 12ರವರೆಗೂ ಬೇರೆಬೇರೆ ಮಿತಿಗಳನ್ನು ಸೂಚಿಸಲಾಗಿದೆ. ಸಕ್ಕರೆ ಕಾಯಿಲೆಯವರ ನರ ಒತ್ತಡವಿಲ್ಲದೆಯೂ ದಪ್ಪವಾಗಿರಬಹುದು. ಇದರ ಮೇಲೆ 1994ರ ಲಿಂಗಪತ್ತೆ ತಡೆ ಕಾಯ್ದೆಯ ಕಟ್ಟುಪಾಡು ಬೇರೆ. ನೋಂದಾಯಿತ ಸ್ಥಳದಲ್ಲಿ, ಅರ್ಹರೆಂದು ನೋಂದಾಯಿತರಾದವರೇ ಯಂತ್ರ ಬಳಸಬೇಕಾಗಿರುವುದರಿಂದ ಬಿದರಿ ಕಾರ್ಖಾನೆಗೋ ಹಳ್ಳಿಯ ಶಿಬಿರಕ್ಕೋ ಅದನ್ನು ಸುಮ್ಮನೆ ಒಯ್ಯಲಾಗದು. ಹೆಣ್ಣು ಭ್ರೂಣವನ್ನು ಕಾಯಲೆಂದು ಹುಟ್ಟಿದ ಈ ನಿಯಮವನ್ನು ಮಣಿಕಟ್ಟಿಗಾಗಿ ಸಡಿಲಿಸಬೇಕೆಂದು ಯಾರೂ ಕೇಳಲಾರರು, ಕೇಳಲೂಬಾರದು.

ಚಿತ್ರ ಹೇಳುವುದು ನರದ ಆಕಾರವನ್ನು, ನರ ಎಷ್ಟು ಕೆಲಸ ಮಾಡುತ್ತಿದೆ ಎಂಬುದನ್ನಲ್ಲ. ಹೆಬ್ಬೆರಳ ಬುಡ ಬತ್ತಿದವರಿಗೆ ಶಸ್ತ್ರಚಿಕಿತ್ಸೆ ತಡವಾಗಬಾರದು, ಅಂಥವರನ್ನು ಸ್ಕ್ಯಾನಿಂಗ್ ಸರದಿಯಲ್ಲಿ ಕೂರಿಸುವುದು ಹಾನಿಯೇ. ಇತ್ತ ಸೌಮ್ಯ ಲಕ್ಷಣದವರಿಗೆ ರಾತ್ರಿ ಮಣಿಕಟ್ಟನ್ನು ನೆಟ್ಟಗೆ ಹಿಡಿದಿಡುವ ಪಟ್ಟಿಯನ್ನು ಕೆಲವು ವಾರ ಕಟ್ಟಿ ನೋಡುವುದು ಮೊದಲ ಚಿಕಿತ್ಸೆ. ಚಿತ್ರ ಬಂದರೂ ಬಾರದಿದ್ದರೂ ಅದು ಬದಲಾಗುವುದಿಲ್ಲ. ಸ್ಕ್ಯಾನಿಂಗಿಗೆ ಕೊಡುವ ಹಣದಲ್ಲಿ ರಕ್ತದ ಸಕ್ಕರೆಯನ್ನೂ ಥೈರಾಯ್ಡನ್ನೂ ನೋಡಿಸಿದರೆ ಕಾರಣವೇ ಸಿಗಬಹುದು.

ಕುಷ್ಠದ ಮಾತಿಗೆ ವಿರೋಧಿಗಳು ಕೊಡುವ ಉತ್ತರ ಮಾತ್ರ ಅಷ್ಟು ಗಟ್ಟಿಯಲ್ಲ. ಬೆರಳಿನಿಂದ ತಡವಿ ನರದ ದಪ್ಪ ಗುರುತಿಸಬಹುದೆಂಬ ಅವರ ಮಾತು ಮೊಣಕೈಯ ಬಳಿ ಚರ್ಮದಡಿಯೇ ಸಿಗುವ ಅಲ್ನಾರ್ ನರಕ್ಕೆ ಒಪ್ಪುತ್ತದೆ, ಮುಂಗೈಯ ಸ್ನಾಯುಗಳ ನಡುವೆ ಹುದುಗಿದ ಮೀಡಿಯನ್ನಿಗೆ ಒಪ್ಪುವುದು ಕಷ್ಟ. ಆದುದರಿಂದಲೇ ಅವರಲ್ಲಿ ಹೆಚ್ಚಿನವರು ಕೆಲವು ವಿನಾಯಿತಿಗಳನ್ನು ಬಿಟ್ಟುಕೊಡುತ್ತಾರೆ: ಒಂದೇ ಕೈಯಲ್ಲಿ ಬಲವಾದ ಲಕ್ಷಣವಿದ್ದು ಕಾರಣ ತಿಳಿಯದಿದ್ದರೆ, ಗಂಟು ಕೈಗೆ ಸಿಕ್ಕರೆ, ಎಲುಬು ಮುರಿದ ಮೇಲೆ ಜೋಮು ಶುರುವಾಗಿದ್ದರೆ, ಬೇರೆ ನರವೂ ದಪ್ಪಗಿದ್ದರೆ, ಒಮ್ಮೆ ಕೊಯ್ದರೂ ಗುಣವಾಗದಿದ್ದರೆ ಭಾಲ್ಕಿ, ಔರಾದಿನ ರೋಗಿಯನ್ನು ನೇರ ಪ್ರೋಬೂ ಅದನ್ನು ಬಲ್ಲ ಕೈಯೂ ಇರುವ ಕಡೆ, ಜಿಲ್ಲಾ ಕೇಂದ್ರದ ಬೋಧನಾ ಆಸ್ಪತ್ರೆಗೆ, ಕಳುಹಿಸಬೇಕು, ಉಳಿದವರಿಗೆ ತಾಲ್ಲೂಕಿನಲ್ಲೇ ಆರು ಪ್ರಶ್ನೆ ಕೇಳಿ, ಪಟ್ಟಿ ಕಟ್ಟಿ, ಆರು ವಾರದ ನಂತರ ಮತ್ತೆ ಕರೆಯಬೇಕು.